ನಾಯಿ ಹಿಡಿದವಳು

ಮೊದಲ ಹಿಮ ಬಿದ್ದ ವಾರ, ಬೆಳಗಿನ ಚಹಾ ಇನ್ನೂ ಬಿಸಿಯಿರುವಾಗಲೇ, ನರಿನ್ ಕಡೆಯ ಒಂದು ಗುಡ್ಡದ ಹಳ್ಳಿಯ ಗ್ರಂಥಾಲಯದ ಕಂಪ್ಯೂಟರು ಮತ್ತೆ ತನ್ನ ತಂತ್ರಾಂಶದ ಪರವಾನಗಿ ಸಂಖ್ಯೆ ಕೇಳಿತು. ಅದರೊಳಗೆ ಗ್ರಂಥಪಾಲಕಿ ಸಾಲಿಕಾ ಹನ್ನೊಂದು ವರ್ಷ ಸಾವಾದ ಮನೆಮನೆಗೂ ಹೋಗಿ ಹಿಡಿದಿಟ್ಟ ಮುದುಕಿಯರ ದನಿಯಿತ್ತು: ಸಾವಿನ ಮನೆಯಲ್ಲಿ ಹೆಂಗಸರು ಗೋಡೆಗೆ ಮುಖಮಾಡಿ ಹಾಡುವ ಹಾಡುಗಳು. ಹಾಡಿದವರಲ್ಲಿ ಒಬ್ಬಳನ್ನು ಬಿಟ್ಟು ಎಲ್ಲರೂ ಮಣ್ಣಾಗಿದ್ದರು. ಬೇರೆ ಪ್ರತಿ ಇರಲಿಲ್ಲ.

ಬಜಾರಿನಲ್ಲಿ ಕಂಪ್ಯೂಟರು ರಿಪೇರಿ ಮಾಡುವ ಕುತ್ಮಾನ್ ಬಂದ. ಊರಿನ ಎಲ್ಲರಂತೆ ಅವನೂ ಸಾಲಿಕಾಳನ್ನು ಎಜೆ, ಅಂದರೆ ಅಕ್ಕ, ಎನ್ನುತ್ತಿದ್ದ. ತೋಳಿಗೆ ಮೂಗು ಒರೆಸಿಕೊಂಡು ಅದೇ ಕೈಯನ್ನು ಕೀಲಿಮಣೆಯ ಮೇಲಿಟ್ಟ.

"ದುಡ್ಡು ಕೊಟ್ಟು ಕೊಳ್ಳೋದ್ಯಾಕೆ ಎಜೆ? ಒಂದು ಮಾತ್ರೆ ನುಂಗಿಸ್ತೀನಿ, ಹುಷಾರಾಗುತ್ತೆ."

"ಮಾತ್ರೆ ಅಂದ್ರೆ ಪರವಾನಗಿ ಮುರಿಯೋ ಕಳ್ಳಮಾಲು ತಾನೆ? ಕಾನೂನು ಒಪ್ಪುತ್ತಾ?"

"ಕಾನೂನು ರಾಜಧಾನಿ ಬಿಷ್ಕೆಕ್‌ನಲ್ಲಿದೆ. ಈ ಗುಡ್ಡ ಹತ್ತಲ್ಲ, ಬಿಡಿ."

ಅವನು ಅದನ್ನು ಹಾಕಿದ್ದೇ ಪರದೆಯ ಮೂಲೆಯಲ್ಲಿ ಕೆಂಪು ಎಚ್ಚರಿಕೆ ಎದ್ದಿತು. ವೈರಸ್ಸು ಬಾರದಂತೆ ಕಾಯುವ ಕಾವಲು ಮಾತ್ರೆಯನ್ನು ತಡೆದಿತ್ತು.

"ಇದ್ಯಾಕೋ ಹೀಗೆ ಬಡ್ಕೊಳ್ತಿದೆ?"

"ಹೊಸಬರು ಬಂದ್ರೆ ಬೊಗಳಲ್ವಾ? ಅತಿಥಿ ಬಾಗಿಲಲ್ಲಿ ನಿಂತಿದ್ದಾನೆ, ನಾಯಿ ಹಿಡ್ಕೊಳ್ಳಿ ಎಜೆ!"

ಆ ಮಾತಿಗೆ ಅವಳ ಕೈ ತಾನಾಗಿ ಮುಂದೆ ಹೋಯಿತು. ಅಂಗಳದಿಂದ ಯಾರೇ ಹಾಗೆ ಕೂಗಿದರೂ, ಯಾರು ಏನು ಎಂದು ಕೇಳದೆ ಓಡಿ ನಾಯಿಯ ಕತ್ತು ಹಿಡಿದು ಬೆಳೆದವಳು. ಕಾವಲನ್ನು ಅವಳೇ ಬಂದ್ ಮಾಡಿದಳು.

ನಾಲ್ಕನೆಯ ದಿನ ಒಂದು ಹಾಡೂ ತೆರೆಯಲಿಲ್ಲ. ಪ್ರತಿ ಮುದುಕಿಯ ಹೆಸರಿನ ಹಿಂದೆ ಅರ್ಥವಿಲ್ಲದ ಅಕ್ಷರಗಳು ಅಂಟಿದ್ದವು. ಬಿಡಿಸಬೇಕಾದರೆ ಹಣ ಕಳಿಸಿ ಎಂದು ಪರದೆಯ ತುಂಬ ಬರೆದಿತ್ತು. ಸತ್ತವರ ಬಾಯಿಗೆ ಯಾರೋ ಎಂಜಲು ಕೈ ತುರುಕಿದಂತಿತ್ತು. ಸಾಲಿಕಾ ನೇರ ಬಜಾರಿಗೆ ನಡೆದಳು.

ಕುತ್ಮಾನ್ ಅಂಗಡಿಯ ಮುಂದೆ ಸೂರ್ಯಕಾಂತಿ ಬೀಜದ ಸಿಪ್ಪೆ ಉಗಿಯುತ್ತ ನಿಂತಿದ್ದ. "ಎಲ್ಲರಿಗೂ ಇದೇ ಮಾತ್ರೆ ಕೊಟ್ಟಿದ್ದೀನಿ. ನಿಮ್ಮದರ ಹೊಟ್ಟೆನೇ ಸರಿ ಇಲ್ಲ. ಇನ್ನೊಂದು ಹಾಕ್ಲಾ?"

"ಥೂ! ಆ ಕೈಯಲ್ಲೇ ರೊಟ್ಟಿ ಮುರೀತೀಯಲ್ಲೋ."

ಪೊಲೀಸ್ ಠಾಣೆಯವನು ಅವಳು ಕೊಟ್ಟ ದೂರಿನ ಹಾಳೆಯನ್ನು ಎರಡೇ ಬೆರಳಲ್ಲಿ ಹಿಂದಕ್ಕೆ ತಳ್ಳಿದ. "ಪರವಾನಗಿ ಎಲ್ಲಿ ಎಜೆ? ಇದನ್ನ ತಗೊಂಡ್ರೆ ಮೊದಲು ನಿಮ್ಮ ಮೇಲೇ ಕೇಸು."

"ತಗೋ. ಒಳಗೆ ಬಿಟ್ಟವಳು ನಾನೇ ಅಂತಲೂ ಬರ್ಕೋ."

ಹಾಡಿದವರಲ್ಲಿ ಉಳಿದಿದ್ದ ಒಬ್ಬಳು, ತೊಂಬತ್ತು ದಾಟಿದ ಅಯಿಮ್‌ಜಾನ್. ಸಾಲಿಕಾ ಅವಳ ಮುಂದೆ ಮಂಡಿಯೂರಿ ಕೂತಳು. "ಇನ್ನೊಂದು ಸಲ ಹಾಡ್ತೀರಾ ಅಪಾ?"

ಮುದುಕಿ ಗೋಡೆಗೆ ಬೆನ್ನು ಕೊಟ್ಟು ಕೂತಳು.

"ನನ್ನ ಗಂಡ ಒಂದೇ ಸಲ ಸತ್ತಿದ್ದು, ಮಗಳೇ."

ದೂರು ಮೇಲಿನವರಿಗೆ ತಲುಪಿತು. ತಪ್ಪೊಪ್ಪಿಕೊಂಡವಳು ಒಬ್ಬಳೇ ಆದ್ದರಿಂದ ಕೆಲಸ ಹೋದದ್ದೂ ಅವಳೊಬ್ಬಳದೇ. ಕುತ್ಮಾನನ ಅಂಗಡಿಯ ಮುಂದೆ ಎಂದಿನಂತೆ ಸಾಲು ನಿಂತಿತ್ತು. ಗ್ರಂಥಾಲಯದ ಬೀಗದ ಕೈಯನ್ನು ಮೇಜಿನ ಮೇಲಿಟ್ಟು ಸಾಲಿಕಾ ಹೊರಟುಹೋದಳು.