ಹಳ್ಳದ ಪಕ್ಷದ ಅಧ್ಯಕ್ಷ

ಭರಮಪ್ಪನ ಕೊರಳಿಗೆ ಹಾರ ಹಾಕಿ ಹಳ್ಳ ರಕ್ಷಣಾ ಪಕ್ಷದ ಅಧ್ಯಕ್ಷನೆಂದು ಸಾರಿದ ದಿನ ಯರಗಟ್ಟಿಯ ಹತ್ತಿ ವ್ಯಾಪಾರಸ್ಥರ ಸಭಾಗೃಹದಲ್ಲಿ ನಿಲ್ಲಲಿಕ್ಕೂ ಜಾಗವಿರಲಿಲ್ಲ. ಬಸ್ ಸ್ಟ್ಯಾಂಡಿನ ಎದುರು ಗಡಿಯಾರ ರಿಪೇರಿ ಮಾಡುತ್ತಿದ್ದ ಅವನು ಆ ಕಟ್ಟಡದ ಮುಂಬಾಗಿಲು ದಾಟಿದ್ದು ಅದೇ ಮೊದಲು. ಅವನ ಅಪ್ಪ ಹಿತ್ತಲ ಬಾಗಿಲಿಗೆ ಬಂದು ಚಪ್ಪಲಿ ಹೊಲಿಯಲಿಕ್ಕೆ ಸಾಹುಕಾರರ ಕಾಲಳತೆ ತೆಗೆದುಕೊಂಡು ಹೋಗುತ್ತಿದ್ದವನು.

ತುರ್ತು ಪರಿಸ್ಥಿತಿ ಮುಗಿದು, ಯಾರು ಬೇಕಾದರೂ ಪಕ್ಷ ಕಟ್ಟುತ್ತಿದ್ದ ಎಪ್ಪತ್ತೇಳರ ಬೇಸಿಗೆ ಅದು. ಹಳ್ಳದ ನೀರು ಕುಡಿದು ಹನ್ನೊಂದು ಕರುಗಳು ಸತ್ತಾಗ, ಸತ್ತ ಕರುವನ್ನೇ ಚಕ್ಕಡಿಯಲ್ಲಿ ಹಾಕಿಕೊಂಡು ಹೋಗಿ ಅಧಿಕಾರಿಗಳ ಮುಂದೆ ಮಾತಾಡಿದವನು ಭರಮಪ್ಪ. ಆ ಮಾತು ಕೇಳಿಯೇ ನಿಜಗುಣಪ್ಪನವರು ಅವನ ಅಂಗಡಿಗೆ ನಡೆದು ಬಂದಿದ್ದರು. ಐವತ್ತು ಕೂರಿಗೆ ಹೊಲ, ಹತ್ತಿ ವ್ಯಾಪಾರ, ಊರಲ್ಲಿ ದೊಡ್ಡ ಹೆಸರು. ಪಕ್ಷ ಕಟ್ಟಿದವರು ಅವರೇ. ಆದರೆ ಕುರ್ಚಿಯ ಮೇಲೆ ಭರಮಪ್ಪನನ್ನು ಕೂಡಿಸಿದರು. ಊರು ಬೆರಗಾಯಿತು. ಭರಮಪ್ಪ ನಂಬಿದ.

ಎರಡು ತಿಂಗಳಾದ ಮೇಲೆ ಕಾರ್ಯಕಾರಿಣಿ ಸಭೆಯಲ್ಲಿ ಅವನ ಮುಂದೆ ಒಂದು ಠರಾವು ಇಟ್ಟರು. ಹಳ್ಳದ ದಂಡೆಯ ಮೇಲೆ ತೊಗಲು ನೆನೆಹಾಕುವ ಸುಣ್ಣದ ಗುಂಡಿಗಳನ್ನು ಮುಚ್ಚಿಸಬೇಕು ಎಂದಷ್ಟೇ ಅದರಲ್ಲಿತ್ತು. ಆ ಗುಂಡಿಗಳು ಅವನ ಕೇರಿಯವು. ಒಂದು ಗುಂಡಿ, ತಾಯಿ ಸತ್ತ ಮೇಲೆ ಅವನನ್ನು ಸಾಕಿದ ಚಿಗವ್ವ ತಾಯವ್ವನದು.

"ಬಣ್ಣದ ಕಾರ್ಖಾನಿ ಇದರಾಗ ಇಲ್ಲಲ್ರಿ?" ಎಂದ ಭರಮಪ್ಪ. ನೂಲಿಗೆ ಬಣ್ಣ ಹಾಕುವ ಆ ಕಾರ್ಖಾನೆ ನಿಜಗುಣಪ್ಪನವರ ಅಳಿಯನದು. ಅದರ ಕಪ್ಪು ನೀರು ದಿನಾಲೂ ಹಳ್ಳಕ್ಕೆ ಇಳಿಯುತ್ತಿತ್ತು.

"ಅದನ್ನೂ ನೋಡೂಣ್ರಿ ಅಧ್ಯಕ್ಷರ, ಒಂದೊಂದ ಹಿಡಿಬೇಕು," ಎಂದರು ನಿಜಗುಣಪ್ಪನವರು, ತಣ್ಣಗೆ. "ಗುಂಡಿ ಮುಚ್ಚರಿ ಅಂತ ನಾವು ಹೇಳಿದ್ರ ಜಾತಿ ಮಾಡಿದ್ರು ಅಂತಾರ. ನಿಮ್ಮ ಮಂದಿಗಿ ನೀವ ಹೇಳಿದ್ರ ಚೊಲೊ."

ತನ್ನನ್ನು ಯಾಕೆ ಕುರ್ಚಿಯ ಮೇಲೆ ಕೂಡಿಸಿದರು ಎಂಬುದು ಭರಮಪ್ಪನಿಗೆ ಆಗ ತಿಳಿಯಿತು. ಸುಣ್ಣದ ನೀರು ಮೀನು ಕೊಲ್ಲುತ್ತದೆ ಎಂಬುದು ಸುಳ್ಳಲ್ಲ, ಸಣ್ಣವನಿದ್ದಾಗಿನಿಂದ ಕಂಡಿದ್ದ. ಅದಕ್ಕೇ ಎದ್ದು ಜಗಳಾಡಲಿಲ್ಲ. ಎರಡು ದಿನ ತಡೆಯಿರಿ ಎಂದು ಹೇಳಿ ಬಂದ.

ತಾಯವ್ವ ಮೊಣಕಾಲುಮಟ ಗುಂಡಿಯಲ್ಲಿ ನಿಂತು ತೊಗಲು ತಿರುವುತ್ತಿದ್ದಳು. ಅವನು ಎಲ್ಲವನ್ನೂ ಹೇಳಿದ.

"ರಾಜೀನಾಮೆ ಕೊಟ್ಟ ಬರ್ತೇನಿ, ಚಿಗವ್ವ."

"ಕೊಟ್ಟರ ಗುಂಡಿ ಉಳಿತಾವೇನು?" ತಾಯವ್ವ ತೊಗಲು ಬಿಟ್ಟು ನೆಟ್ಟಗಾದಳು. "ನಾಳಿ ಮತ್ತೊಬ್ಬ ಕುಂದರತಾನ, ಸಹಿ ಮಾಡ್ತಾನ. ಇವರ ಕೈಲೆ ಆಗಲಿಲ್ಲ, ಓಡಿ ಹ್ವಾದ್ರು ಅಂತ ಆಡಕೋತಾರ. ನಮ್ಮವರನ್ನ ಇನ್ನ ಯಾವ ಕಾಲಕ್ಕ ಅಲ್ಲಿ ಕುಂದರಸ್ತಾರ? ನೀ ಇಳಿಬ್ಯಾಡ."

"ಮತ್ತ ನಿನ್ನ ಹೊಟ್ಟಿ?"

"ಕುಂತಲ್ಲೆ ಏನರ ಮಾಡು. ಓದಿದಾಂವ ನೀನು."

ಭರಮಪ್ಪ ಠರಾವಿಗೆ ಇನ್ನೊಂದು ಹಾಳೆ ಸೇರಿಸಿದ. ಕಾರ್ಖಾನೆಯ ನೀರು ಹಳ್ಳಕ್ಕೆ ಬಿಡುವುದನ್ನು ನಿಲ್ಲಿಸಬೇಕು. ಗುಂಡಿ ಕಳೆದುಕೊಂಡವರಿಗೆ ಊರ ಹೊರಗೆ ಬೇರೆ ಜಾಗ ಕೊಡಬೇಕು. ಸಭೆಯಲ್ಲಿ ಗಟ್ಟಿಯಾಗಿ ಓದಿದ. ಜಗಳಕ್ಕೆ ಸಿದ್ಧನಾಗಿಯೇ ಹೋಗಿದ್ದ. ಜಗಳವೇ ಆಗಲಿಲ್ಲ. ನಿಜಗುಣಪ್ಪನವರೇ ಮೊದಲು ಚಪ್ಪಾಳೆ ತಟ್ಟಿದರು. ಅವನು ಎರಡೂ ಹಾಳೆಗಳ ಕೆಳಗೆ ಸಹಿ ಮಾಡಿದ.

ಮುಂದಿನ ತಿಂಗಳು ಪಂಚಾಯ್ತಿಯ ಆಳುಗಳು ಬಂದು ಗುಂಡಿಗಳಿಗೆ ಮಣ್ಣು ತುಂಬಿದರು. ಅವರ ಕೈಯಲ್ಲಿದ್ದ ಕಾಗದದಲ್ಲಿ ಒಂದೇ ಹಾಳೆಯಿತ್ತು, ಅದರ ಕೆಳಗೆ ಭರಮಪ್ಪನ ಸಹಿ. ತಾಯವ್ವ ನಾಲ್ಕು ಹಸಿ ತೊಗಲು ಸುತ್ತಿಕೊಂಡು ರಾಮದುರ್ಗದ ತಂಗಿಯ ಮನೆಗೆ ಬಸ್ ಹತ್ತಿದಳು. ಕೇರಿಯ ಉಳಿದವರು ಅವನ ಅಂಗಡಿಯ ಮುಂದೆ ಹಾಯುವುದನ್ನೇ ಬಿಟ್ಟರು.

ಅವನು ರಾಜೀನಾಮೆ ಬರೆದುಕೊಂಡು ನಿಜಗುಣಪ್ಪನವರ ಮನೆಗೆ ಹೋದ.

"ಎರಡನೇ ಹಾಳಿ ಎಲ್ಲೈತ್ರಿ?"

"ವಿಚಾರದಾಗ ಐತ್ರಿ." ಅವರು ರಾಜೀನಾಮೆಯನ್ನು ಓದದೆ ಮಡಚಿ ಜೇಬಿಗೆ ಇಳಿಸಿದರು. "ಅಧ್ಯಕ್ಷರು ಹಿಂಗ ಸಿಟ್ಟಿಗೇಳಬಾರದು. ಇಲೆಕ್ಷನ್ ಬಂತು. ನಿಮ್ಮ ಫೋಟೊ ಪ್ರಿಂಟಿಗಿ ಹೋಗೇತಿ. ಚಹಾ ಕುಡೀರಿ."

ಮುಂದಿನ ಸಂತೆಯ ದಿನ ಭರಮಪ್ಪ ಮೈಕಿನಲ್ಲಿ ಕಾರ್ಖಾನೆಯ ಹೆಸರು ಹಿಡಿದೇ ಮಾತಾಡಿದ. ಜನ ಕೇಳಿದರು. ಚದುರುವಾಗ ಹಿಂದಿನ ಸಾಲಿನಲ್ಲಿ ಒಬ್ಬ ಅಂದದ್ದು ಅವನ ಕಿವಿಗೆ ಬಿತ್ತು: "ತಮ್ಮ ಗುಂಡಿ ಹ್ವಾದ ಹೊಟ್ಟಿಗಿಚ್ಚಿಗಿ ಹಿಂಗ ಅಂತಾನ ಬಿಡೋ." ನಿಜಗುಣಪ್ಪನವರ ಅಳಿಯನೂ ವೇದಿಕೆಯ ಮೇಲೆಯೇ ಕೂತಿದ್ದ, ನಗುನಗುತ್ತ ಭರಮಪ್ಪನ ಕೈ ಕುಲುಕಿದ. ಯಾರೂ ತಡೆಯದ ಮಾತು ಯಾರಿಗೂ ತಾಗಲಿಲ್ಲ.

ಹಳ್ಳದ ಹರಿವಿನಲ್ಲಿ ಕಾರ್ಖಾನೆಗಿಂತ ಕೆಳಗಿದ್ದ ಹಳ್ಳಿಗೆ ಪ್ರಚಾರದ ಜೀಪು ಹೋದ ದಿನ, ಇವತ್ತು ಇಳಿದು, ಪಕ್ಷ ಬಿಟ್ಟು, ಬಸ್ ಹಿಡಿದು ಹೋಗಿಬಿಡಬೇಕು ಎಂದು ಅವನು ಗಟ್ಟಿ ಮಾಡಿಕೊಂಡಿದ್ದ. ಇಳಿದದ್ದೂ ಆಯಿತು. ಆಗ ಕಾಡವ್ವ ಎಂಬ ಮುದುಕಿ ಗುಂಪು ಸರಿಸಿಕೊಂಡು ಬಂದು ಅವನ ಮುಂದೆ ತಂಬಿಗೆ ಹಿಡಿದಳು. ಒಳಗೆ ಹಳ್ಳದ ನೀರು, ಇದ್ದಿಲು ಕಲಸಿದ ಹಾಗೆ.

"ನೀವ ಅಲ್ಲೇನ್ರಿ ಕರಾ ಹೇರಕೊಂಡ ಹೋದಾವ್ರು? ಮೂರ ಮಂದಿ ಸಾಹೇಬ್ರಿಗಿ ತೋರಿಸೇನ್ರಿ, ಯಾರೂ ಮುಟ್ಟಲಿಲ್ಲ. ನೀವರ ನೋಡ್ರಿ ಯಪ್ಪಾ. ಮನ್ಯಾಗ ಸಣ್ಣ ಕೂಸು ಐತಿ."

ನನ್ನ ಕೈಯಲ್ಲಿ ಏನೂ ಇಲ್ಲ ಎಂದು ಅವನು ಹೇಳಬಹುದಿತ್ತು. ಅದೇ ನಿಜವಾಗಿತ್ತು. ಮುದುಕಿ ತಂಬಿಗೆಯನ್ನು ಎರಡೂ ಕೈಯಲ್ಲಿ ಹಿಡಿದು ಕಾಯುತ್ತಿದ್ದಳು. ರಸ್ತೆಯಲ್ಲಿ ಬಸ್ ಬಂತು, ನಿಂತಿತು, ಹೋಯಿತು.

"ಕೊಡವ್ವ," ಎಂದ.

ಜೀಪಿನೊಳಗೆ ನಿಜಗುಣಪ್ಪನವರು ಸರಿದು ಜಾಗ ಮಾಡಿಕೊಟ್ಟರು. ಭರಮಪ್ಪ ಹತ್ತಿ, ಚೆಲ್ಲದಂತೆ ತಂಬಿಗೆಯನ್ನು ತೊಡೆಗಳ ನಡುವೆ ಹಿಡಿದು ಕೂತ. ಮೈಕಿನವನು ಅವನ ಹೆಸರು ಕೂಗತೊಡಗಿದ.