ನೆರೀನಾಳ ಹಾಳಾದ ತುಣುಕು

ಆ ಬೆಳಗ್ಗೆ ರೋಮಿನ ಮೇಲೆ ದಕ್ಷಿಣದ ಬಿಸಿಗಾಳಿ ಬೀಸುತ್ತಿತ್ತು. ಸಮುದ್ರದಾಚೆಯ ಮರಳನ್ನು ಹೊತ್ತು ತಂದ ಗಾಳಿ. ಒಣಹಾಕಿದ ಬಟ್ಟೆಗಳ ಮೇಲೆಲ್ಲ ಕೆಂಧೂಳು ಕೂತಿತ್ತು. ಹೆಂಡತಿ ನೆರೀನಾ ಇದ್ದಿದ್ದರೆ ಇಷ್ಟು ಹೊತ್ತಿಗೆ ಗಾಳಿಯನ್ನು ಬೈದು ಮುಗಿಸಿರುತ್ತಿದ್ದಳು. ಏನೆಂದು ಬೈಯುತ್ತಿದ್ದಳು ಎಂದು ನೆನೆಯಹೋದ ಎರ್ಮೇತೆಗೆ ಅವಳ ಒಂದು ಮಾತೂ ನೆನಪಾಗಲಿಲ್ಲ.

ಹೆಂಡತಿ ತೀರಿ ತಿಂಗಳಾದ ದಿನದ ಪೂಜೆ ಮುಗಿಸಿ, ದೇವಮಾತೆಯ ಮುಂದೆ ಮೇಣದಬತ್ತಿ ಹಚ್ಚಿಟ್ಟು, ಅವನು ಇಗರ್ಜಿಯಿಂದ ನೇರ ಸ್ಟುಡಿಯೋಗೆ ನಡೆದ. ಎರ್ಮೇತೆ ವಾಲ್ದಿನೋಚಿ ಮಾಡದ ಪಾತ್ರವಿರಲಿಲ್ಲ: ಪಾದ್ರಿ, ಜೇಬುಗಳ್ಳ, ಸೋತು ಊರಿಗೆ ಮರಳಿದ ಸೈನಿಕ. ಯುದ್ಧ ಮುಗಿದ ಮೇಲೆ ಬಂದ ಎಷ್ಟೋ ಚಿತ್ರಗಳಿಗೆ ಮಾತು ಬರೆದವನೂ ಅವನೇ. ಅಲ್ಲಿ ಚಿತ್ರ ತೆಗೆಯುವಾಗ ದನಿ ಹಿಡಿಯುವ ಪದ್ಧತಿಯಿರಲಿಲ್ಲ. ಮಾತು ಸಿದ್ಧವಿಲ್ಲದಿದ್ದರೆ ನಟಿ ಒಂದು, ಎರಡು, ಮೂರು ಎಂದು ಎಣಿಸುತ್ತ ಅತ್ತರೂ ಸಾಕು. ಆಮೇಲೆ ಕತ್ತಲೆ ಕೋಣೆಯಲ್ಲಿ ಆ ತುಟಿಗೆ ಹೊಂದುವ ಮಾತನ್ನು ಎರ್ಮೇತೆ ಬರೆಯುವನು, ಬೇರೆ ಯಾರೋ ಆಡುವರು. ಚೆಲುವೆ ನಟಿ ದೇಲಿಯಾಳ ತುಟಿಗೆ ಮಾತಾಡುತ್ತಿದ್ದವಳು ನೆರೀನಾ. ಊರೂರಿನ ಜನ ಅದು ದೇಲಿಯಾಳ ದನಿಯೆಂದೇ ಕಣ್ಣೀರಿಟ್ಟರು. ನೆರೀನಾಳ ಹೆಸರು ಪರದೆಯ ಮೇಲೆ ಬರಲೇ ಇಲ್ಲ. ದೇಲಿಯಾಳ ಈಗಿನ ಚಿತ್ರಕ್ಕೆ ದನಿ ಕೊಡುವ ಕೆಲಸ ಅರ್ಧವಾಗಿದ್ದಾಗ ಅವಳು ತೀರಿಕೊಂಡಳು.

ದನಿ ಹಿಡಿಯುವ ಕ್ವಿರೀನೋ ಟೇಪಿನ ಡಬ್ಬಗಳನ್ನು ಜೋಡಿಸುತ್ತಿದ್ದ. “ಬಾರಯ್ಯ, ಕಾಫಿ ಆಯ್ತಾ? ನಿನ್ನ ಮುಖ ನೋಡಿದ್ರೆ ಸತ್ತವನ ಪಾತ್ರ ಸಿಕ್ಕಿದ ಹಾಗಿದೆ.”

“ನೆರೀನಾಳ ಟೇಪು ಎಲ್ಲಿ?”

ಕ್ವಿರೀನೋನ ನಗೆ ಆರಿತು. “ಮಾಲೀಕರ ಅಪ್ಪಣೆ ಕಣೋ. ಒಂದೇ ಬಾಯಿಗೆ ಎರಡು ದನಿ ಆಗುತ್ತಾ? ಇಡೀ ಚಿತ್ರಕ್ಕೆ ದೇಲಿಯಾನೇ ಮಾತಾಡ್ತಾಳೆ. ಹಳೇದನ್ನ ಅಳಿಸಿ ಅದೇ ಟೇಪಲ್ಲಿ ಹಿಡೀಬೇಕು. ಯಾವತ್ತೂ ಹಾಗೇ ಅಲ್ವಾ?”

“ಚಿತ್ರದ ಮಾತೆಲ್ಲ ಅಳಿಸ್ಕೋ. ಅದು ನಾನು ಬರೆದಿದ್ದು, ನಂಗೆ ಬಾಯಿಪಾಠ. ಆ ಹಾಳಾದ ತುಣುಕೊಂದು ಕೊಡು. ಮಧ್ಯದಲ್ಲಿ ನಿಲ್ಲಿಸಿ ನಂಗೆ ಬೈದ್ಲಲ್ಲ, ಅದು. ನಾನು ಬರೀದೆ ಅವಳೇ ಆಡಿದ ಮಾತು ಇನ್ನೆಲ್ಲೂ ಇಲ್ಲ ಕಣೋ.”

“ಏನಂತ ಬೈದ್ಲು?”

“ಅದೇ ಗೊತ್ತಿಲ್ಲವಲ್ಲೋ! ತುಟಿ ಹೊಂದಲಿಲ್ಲ ಅಂತ ಕಾಗದ ತಿದ್ದುತ್ತಾ ಕೂತಿದ್ದೆ.”

ಕ್ವಿರೀನೋ ರಾಶಿಯನ್ನೆಲ್ಲ ತಡಕಿದ. “ಹಾಳಾದವನ್ನೇ ಮೊದಲು ಅಳಿಸೋದು. ಇಲ್ಲ ಎರ್ಮೇತೆ. ಹೋಗಿದೆ.”

ಎರ್ಮೇತೆ ಹಿಂದಿನ ಬೆಂಚಿನ ಮೇಲೆ ಕುಸಿದ. ಜಪಮಾಲೆ ಕೈಯಲ್ಲೇ ಇತ್ತು, ಮಣಿ ಸರಿಯಲಿಲ್ಲ.

ದೇಲಿಯಾ ಬಂದು ಮೈಕಿನ ಮುಂದೆ ನಿಂತಳು. ‘ಮೇಕೆ ಕಾಯೋಳ ಮಾತು ನಿಂದು’ ಎಂದು ಮಾಲೀಕರು ಹಂಗಿಸಿ ಇಷ್ಟು ದಿನ ಬಾಯಿ ಕಟ್ಟಿಸಿದ್ದ, ಈಗ ಬೇರೆ ದಾರಿಯಿಲ್ಲದೆ ಅವರೇ ಮಾತಾಡಿಸುತ್ತಿದ್ದ ಹೆಣ್ಣು. ಪರದೆಯ ಮೇಲೆ ಅವಳದೇ ಮುಖ, ರೈಲಿನ ಕಿಟಕಿಯೆದುರು ಅಂಕಿ ಎಣಿಸುತ್ತ ಅಳುತ್ತಿತ್ತು. “ಹೋಗಿ ಬಾ, ನಿನ್ನ ದಾರಿಗೆಲ್ಲ ನನ್ನ ಕಣ್ಣೇ ದೀಪ...” ಎಂದು ಓದಿದವಳು ನಿಲ್ಲಿಸಿದಳು.

“ಮೇಷ್ಟ್ರೇ, ಹೆಂಡತಿ ಹೀಗೆ ಮಾತಾಡಲ್ಲ.”

ಎರ್ಮೇತೆ ತಲೆಯೆತ್ತಿದ.

“ನನ್ನ ಮಾತಲ್ಲ ಇದು, ನೆರೀನಕ್ಕನದು. ‘ಹೆಂಡತಿ ಹೀಗೆ ಮಾತಾಡಲ್ಲ ಕಣೋ. ಒಂದಿನ ಬರೆಯೋದು ಬಿಟ್ಟು ಮನೇಲಿ ಕೂತ್ಕೋ, ನಾನು ಹೇಗೆ ಮಾತಾಡ್ತೀನಿ ಕೇಳಿಸ್ಕೋ.’ ಅಕ್ಕ ಹೇಗೆ ಹೇಳ್ತಿದ್ದಳು ಅಂತ ಕಲಿಯೋಕೆ, ಕ್ವಿರೀನಣ್ಣ ಊಟಕ್ಕೆ ಹೋದಾಗ ಒಂದು ಡಬ್ಬ ಒಯ್ದಿದ್ದೆ. ಕೇಳಿದ ಮೇಲೆ ಅಳಿಸೋಕೆ ಕೊಡಲು ಕೈ ಬರಲಿಲ್ಲ.”

ಬೈಯಲು ಬಾಯಿ ತೆರೆದ ಕ್ವಿರೀನೋ ಯಂತ್ರ ನಿಲ್ಲಿಸಿದ. ಪರದೆಯ ಮೇಲಿನ ಮುಖ ಮಾಯವಾಯಿತು.

ದೇಲಿಯಾ ಕೈಚೀಲದಿಂದ ಡಬ್ಬ ತೆಗೆದಳು. ಚೀಲದೊಳಕ್ಕೂ ನುಗ್ಗಿ ಅದರ ಮೇಲೆ ಕೂತಿದ್ದ ಕೆಂಧೂಳನ್ನು ತಲೆವಸ್ತ್ರದ ತುದಿಯಿಂದ ಒರೆಸಿ, ಎರ್ಮೇತೆಯ ಮಡಿಲಲ್ಲಿ, ಜಪಮಾಲೆಯ ಪಕ್ಕದಲ್ಲಿ ಇಟ್ಟಳು.