ಖಾಲಿ ಕೋಣೆಯ ಸದ್ದು

ಒದ್ದೆ ಹತ್ತಿಯಿಂದ ನಾಯಿಯ ಕಣ್ಣಿನ ಪಿಸುರು ಒರೆಸುತ್ತಿದ್ದಾಳೆ, ಎಡಗಣ್ಣು, ಆಮೇಲೆ ಬಲಗಣ್ಣು, ದಿನಾ ಬೆಳಿಗ್ಗೆ ಒರೆಸಿದ ಹಾಗೆಯೇ — ಇದು ಕೊನೆಯ ಸಲ ಅಂತ ಗೊತ್ತಿದ್ದರೆ ಹೀಗೆ ಗದ್ದ ಎತ್ತಿ ಕೊಡುತ್ತಿತ್ತಾ, ದಿಕ್ಕಿಲ್ಲದ ನಾಯಿಗಳ ಈ ನಾಯಿಮನೆಗೆ ಅದು ಬಂದು ಹನ್ನೊಂದು ವರ್ಷ, ಎಲ್ಲರೂ ಮುದುಕ ಅಂತಲೇ ಕರೆಯುವುದು, ಈಗ ಹಿಂಗಾಲು ಏಳುವುದಿಲ್ಲ, ಹೊಟ್ಟೆಯಲ್ಲಿ ಗಡ್ಡೆ, ಇನ್ನು ನರಳಿಸಬಾರದು ಅಂತ ಡಾಕ್ಟರು ಹೇಳಿದ್ದು ಸರಿ, ಸರಿಯೇ, ಆದರೆ ಈ ದೀಪಗಳು ಯಾಕೆ, ಮೂಲೆಯಲ್ಲಿ ಈ ಕ್ಯಾಮರಾ ಯಾಕೆ, ಮನುಷ್ಯರಿಗೂ ಪ್ರಾಣಿಗಳಿಗೂ ಇರೋ ನಂಟಿನ ಮೇಲೆ ಸಾಕ್ಷ್ಯಚಿತ್ರ ಮಾಡ್ತಿದೀನಿ ಪುಟ್ಟಿ, ಅಂದಿದ್ದರು ಸಿನಿಮಾದಕ್ಕ, ಈ ನಾಯಿಗೆ ನೀನು ಏನಾಗಬೇಕು, ನನ್ನ ಮುಖ ನೋಡಿ ಹೇಳು, ನಾಲಿಗೆ ಅಂಗುಳಕ್ಕೆ ಅಂಟಿಕೊಂಡಿತು, ಏಳನೇ ಕ್ಲಾಸಿನಲ್ಲೂ ಹಾಗೇ, ಉತ್ತರ ಗೊತ್ತಿದ್ದೂ ನಿಂತೇ ಇದ್ದಳು, ಏನಮ್ಮಾ, ಮಾತಾಡಿದ್ರೆ ಮುತ್ತು ಉದುರುತ್ತಾ, ಮೇಷ್ಟ್ರು ಅಂದರು, ಕ್ಲಾಸೆಲ್ಲಾ ನಕ್ಕಿತು, ಮಾರನೆಯ ದಿನ ಹೊಟ್ಟೆನೋವು, ಅದರ ಮಾರನೆಯ ದಿನವೂ ಹೊಟ್ಟೆನೋವು, ಆಮೇಲೆ ಶಾಲೆಯೇ ಇಲ್ಲ, ಈ ನಾಯಿಮನೆಯ ಕೆಲಸ, ಮುದುಕ ಮಾತ್ರ ಯಾವತ್ತೂ ಏನೂ ಕೇಳಲಿಲ್ಲ, ಪಕ್ಕದಲ್ಲಿ ಬಂದು ಕೂರುತ್ತಿತ್ತು, ಅಷ್ಟೇ.

ಮೊದಲ ಸೂಜಿ ನಿದ್ದೆಗೆ, ಎರಡನೆಯದು ಎದೆ ನಿಲ್ಲಿಸುವುದಕ್ಕೆ, ಮೊದಲನೆಯದು ಆಯಿತು, ತಲೆ ಅವಳ ತೊಡೆಯ ಮೇಲೆ ಭಾರವಾಯಿತು — ಡಾಕ್ಟ್ರೇ, ಒಂದ್ನಿಮಿಷ, ಸೂಜಿ ಹತ್ತಿರದಿಂದ ಬೇಕು ನಂಗೆ, ನಿಜವಾದ್ದು ಆಮೇಲೆ ಕೊಡಿ, ಈಗ ಬರೀ ಉಪ್ಪುನೀರಲ್ಲಿ ಮಾಡಿ, ಕತ್ತಿಗೆ ಸ್ಟೆತಸ್ಕೋಪ್ ಇರ್ಲಿ, ಚೆನ್ನಾಗಿ ಕಾಣುತ್ತೆ, ಅಂದರು ಅಕ್ಕ — ಈ ವಯಸ್ಸಲ್ಲಿ ಹೀರೋ ಮಾಡ್ಬಿಟ್ರಲ್ಲಮ್ಮ, ಡಾಕ್ಟರು ನಕ್ಕರು, ಚುಚ್ಚಿದರು, ಫೋಕಸ್ ಹೋಯ್ತು ಸಾರ್, ಅಂದ ಕ್ಯಾಮರಾದವನು, ಮತ್ತೆ ಚುಚ್ಚಿದರು, ಈ ಕಡೆಯಿಂದ ಇನ್ನೊಂದು, ಮೂರನೇ ಸಲ ಚುಚ್ಚಿದರು, ಮೂರೂ ಉಪ್ಪುನೀರೇ, ಅವಳು ನೋಡುತ್ತಲೇ ಇದ್ದಳು, ಸಿಕ್ತು, ಅಂದರು ಅಕ್ಕ, ಕಣ್ಣೊರೆಸಿಕೊಂಡರು, ನಿಜವಾಗಿಯೂ ಅಳುತ್ತಿದ್ದರು, ಅದನ್ನು ಕಂಡು ಡಾಕ್ಟರ ಮುಖವೂ ಬಾಡಿತು, ಪಾಪ, ಹೋಯ್ತು, ಅನ್ನುತ್ತಾ ಕೈಗವಸು ಬಿಚ್ಚಿದರು, ಸ್ಟೆತಸ್ಕೋಪ್ ಕತ್ತಿನಲ್ಲೇ ಉಳಿಯಿತು — ಟ್ರೇಯಲ್ಲಿ ಎದೆ ನಿಲ್ಲಿಸುವ ನೀಲಿ ಔಷಧಿಯ ಸಿರಿಂಜ್, ತುಂಬಿದ್ದು ತುಂಬಿದ ಹಾಗೇ ಇದೆ, ಅವಳ ಅಂಗೈ ಕೆಳಗೆ ಪಕ್ಕೆಲುಬು, ಡಬ್, ಏನಿಲ್ಲ, ಏನಿಲ್ಲ, ಡಬ್, ತನ್ನದೇ ನಾಡಿಯಿರಬಹುದು, ಕೈ ತೆಗೆದು ಮತ್ತೆ ಇಟ್ಟಳು, ಡಬ್, ತನ್ನದಲ್ಲ — ಯಾರೂ ಅಲ್ಲಾಡಬೇಡಿ, ಕೋಣೆ ಸದ್ದು ತಗೋಬೇಕು, ಒಂದೇ ನಿಮಿಷ, ಮಾತಿಲ್ಲದಾಗ ಈ ಕೋಣೆ ಹೇಗಿರುತ್ತೋ ಹಾಗೆ, ಅಂದರು ಅಕ್ಕ, ಹೆಡ್‌ಫೋನಿನವನು ಕಣ್ಣು ಮುಚ್ಚಿದ, ಡಾಕ್ಟರು ತಲೆ ತಗ್ಗಿಸಿದರು, ಬಾಗಿಲಲ್ಲಿ ಗುಂಡಿ ತೋಡುವವನು, ಕೈಯಲ್ಲಿ ಗೋಣಿಚೀಲ, ಗುಂಡಿ ಬೆಳಿಗ್ಗೆಯೇ ರೆಡಿ ಅಂತ ಅವನೇ ಹೇಳಿದ್ದ, ನಿದ್ದೆಯ ಔಷಧಿ ಎಷ್ಟು ಹೊತ್ತು ಇರುತ್ತದೆ, ಅರ್ಧ ಗಂಟೆ, ಮುಕ್ಕಾಲು ಗಂಟೆ, ಆಮೇಲೆ ಎಚ್ಚರ, ಎಲ್ಲಿ ಎಚ್ಚರ, ಚೀಲದೊಳಗೆ, ಮಣ್ಣೊಳಗೆ, ಹಿಂಗಾಲು ಏಳದ ಮುದುಕ ಹೇಗೆ ಕೆರೆದೀತು, ಫ್ಯಾನೂ ನಿಲ್ಲಿಸಿದ್ದಾರೆ, ಸಿರಿಂಜ್, ನೀಲಿ, ಎಲ್ಲರೂ ಹಾಗೆ ನಿಂತಿದ್ದಾರೆ, ತಾನೂ ಹಾಗೆ ಕೂತಿದ್ದಾಳೆ, ಡಬ್, ನೀಲಿ, ಯಾರಾದರೂ ಆ ಕಡೆ ನೋಡಬಾರದಾ, ತುಂಬಿದ ನೀಲಿ ಸಿರಿಂಜ್ — ಡಾಕ್ಟ್ರೇ, ಅಂದಳು, ದನಿ ಹೊರಗೆ ಬಂತೋ ಇಲ್ಲವೋ, ಅಕ್ಕ ಇತ್ತ ತಿರುಗದೆಯೇ ತುಟಿಯ ಮೇಲೆ ಬೆರಳಿಟ್ಟರು, ನೀಲಿ, ಡಾಕ್ಟ್ರೇ, ಇಲ್ಲೊಂದ್ಸಲ ಕೈಯಿಟ್ಟು ನೋಡಿ